ಶುದ್ಧ ಸಸ್ಯಾಹಾರಿ ಹುಳುವಿನ ಖಾನಾಪುರ ವರ್ಗಾವಣೆ

ಬೆಳಗಾವಿಯ ಜಲಶೋಭಾ ಮಂಡಳಿಯು ಸ್ಥಾಪನೆಯಾದ ದಿನದಿಂದ ಇಂದಿನವರೆಗೆ ಒಂದೇ ಒಂದು ಜೀವವನ್ನೂ ಕೊಂದಿಲ್ಲ. ಇದು ಮಂಡಳಿಯ ವಾರ್ಷಿಕ ವರದಿಯ ಮೊದಲ ಪುಟದಲ್ಲಿ ದಪ್ಪ ಅಕ್ಷರಗಳಲ್ಲಿ ಅಚ್ಚಾಗಿರುವ ಸಂಗತಿ. ಅಲ್ಲಗಳೆಯುವ ಧೈರ್ಯವನ್ನು ಈವರೆಗೆ ಯಾರೂ ಮಾಡಿಲ್ಲ. ಕೆರೆಗಳನ್ನು ಸುಂದರಗೊಳಿಸುವುದು ಮಂಡಳಿಯ ಕೆಲಸ. ಕೆರೆ ಸುಂದರವಾಯಿತೋ ಇಲ್ಲವೋ ಎನ್ನುವುದು ನೋಡುವವರ ಕಣ್ಣಿಗೆ ಬಿಟ್ಟದ್ದು. ಕೊಲೆ ಮಾತ್ರ ಆಗಿಲ್ಲ.

ಈ ಕೀರ್ತಿ ಸಲ್ಲಬೇಕಾದದ್ದು ಮಂಡಳಿಯ ಅಧೀಕ್ಷಕರಾದ ಪದ್ಮಾಕರರಿಗೆ. ಖಾಸಬಾಗದ ಹಳೇ ಜೈನ ಮನೆತನ. ನೌಕರಿಯ ಆದೇಶ ಕೈಗೆ ಬಂದ ದಿನ ತಾಯಿ ಜಿನಮತಿ ಅವ್ವ ಮಗನನ್ನು ಬಸದಿಗೆ ಕರೆದೊಯ್ದು ಪ್ರತಿಜ್ಞೆ ಮಾಡಿಸಿದ್ದಳು. ಕೈಯಿಂದ ಕೊಲ್ಲಬಾರದು, ಬಾಯಿಂದ ಕೊಲ್ಲಬಾರದು, ಮನಸ್ಸಿನಿಂದಲೂ ಕೊಲ್ಲಬಾರದು ಎಂಬುದು ಹಿರಿಯರಿಂದ ಬಂದದ್ದು. ಸರ್ಕಾರಿ ನೌಕರಿ ನೋಡ್ರಿ, ಅದಕ್ಕಾಗಿ ಆಕೆ ತನ್ನದೊಂದು ಸೇರಿಸಿದಳು: ಸಹಿಯಿಂದಲೂ ಕೊಲ್ಲಬಾರದು. ಹೊತ್ತು ಮುಳುಗುವ ಮೊದಲೇ ಊಟ ಮುಗಿಸುವ ಮನೆ ಅದು. ಸಂಜೆ ತಾಟಿನ ಮುಂದೆ ಕುಳಿತ ಮಗನನ್ನು ಅವ್ವ ದಿನಾ ಒಂದೇ ಮಾತು ಕೇಳುತ್ತಿದ್ದಳು.

"ಇವತ್ತ ನಿನ್ನ ಸಹಿಯಿಂದ ಏನರ ಸತ್ತೈತೇನಪಾ?"

"ಇಲ್ಲವ್ವ."

ಆಮೇಲೇ ಬಡಿಸುತ್ತಿದ್ದಳು.

ಜಿನಮತಿ ಅವ್ವನಿಗೆ ಇನ್ನೊಂದು ನೇಮವಿತ್ತು. ಖಾನಾಪುರದ ಮೇಲಿನ ಕೆರೆಯ ಕೆಳಗೆ ಈ ಮನೆತನದ್ದೊಂದು ಗದ್ದೆ ಇತ್ತು. ಬಹಳ ಹಿಂದೆಯೇ ಅದು ಉಳುವವರ ಪಾಲಾಗಿ, ಈಗ ಫಕೀರವ್ವ ಮತ್ತು ಆಕೆಯ ಗಂಡ ಮಾಯಪ್ಪನ ಹೆಸರಿನಲ್ಲಿದೆ. ಹೊಲ ಹೋದರೂ ಋಣ ಹೋಗಿರಲಿಲ್ಲ. ಪ್ರತಿ ಸುಗ್ಗಿಗೆ ಫಕೀರವ್ವ ಆ ಗದ್ದೆಯ ಘಮಘಮಿಸುವ ಹೊಸ ಅಕ್ಕಿಯ ಚೀಲ ಹೊತ್ತು ಖಾಸಬಾಗಕ್ಕೆ ಬರುತ್ತಿದ್ದಳು. ಅದರ ಮೊದಲ ಹಿಡಿ ಬಸದಿಯಲ್ಲಿ ಅಕ್ಷತೆಯಾಗಿ ಏರಬೇಕು. ಸುಗ್ಗಿ ಹತ್ತಿದ ದಿನದಿಂದ ಆ ಹಿಡಿ ಬಸದಿಗೆ ಮುಟ್ಟುವತನಕ ಅವ್ವ ಅನ್ನ ಮುಟ್ಟುತ್ತಿರಲಿಲ್ಲ. ವಾರ ಹತ್ತು ದಿನದ ಮಾತು. ಮದುವೆಯಾಗಿ ಬಂದಾಗಿನಿಂದ ತಪ್ಪದೆ ನಡೆದಿತ್ತು.

ಇಷ್ಟು ತಿಳಿದ ಮೇಲೆ ಜೋಗಿಕೆರೆಯ ವಿಷಯಕ್ಕೆ ಬರೋಣ. ಅನಗೋಳದ ಹಿಂದಿನ ಈ ಕೆರೆಯಲ್ಲಿ ಹಿಂದೊಮ್ಮೆ ಮಂಡಳಿಯೇ ಸೌಂದರ್ಯಕ್ಕೆಂದು ಹೊರದೇಶದ ಅಂತರಗಂಗೆ ತಂದು ಬಿಟ್ಟಿತ್ತು. ನೇರಳೆ ಹೂವು, ಬಹಳ ಚೆಂದ. ಅದು ಹಬ್ಬಿ ಹಬ್ಬಿ ಕೆರೆಯ ನೀರೇ ಕಾಣದಾಯಿತು. ನೀರು ಕಾಣದಿರುವುದರಿಂದ ನೀರು ಕೊಳಕಾಗಿರುವುದೂ ಕಾಣುವುದಿಲ್ಲವೆಂದು ಮಂಡಳಿ ಕೆಲವು ವರ್ಷ ಸಮಾಧಾನದಿಂದಿತ್ತು. ಆದರೆ ಸೊಳ್ಳೆ ಹೆಚ್ಚಾಗಿ, ಅನಗೋಳದ ಮಂದಿ ಸಂಜೆಯಾದರೆ ಎರಡೂ ಕೈಯಿಂದ ತಮ್ಮ ಕೆನ್ನೆ ತಾವೇ ಹೊಡೆದುಕೊಳ್ಳುವುದನ್ನು ಕಂಡು ಮಂಡಳಿಯ ಆಯುಕ್ತ ಸಾಹೇಬರು ಕಳೆ ತೆಗೆಯಿರಿ ಎಂದು ಆದೇಶಿಸಿದರು.

ಕಚೇರಿಯವರು ಔಷಧ ಸಿಂಪಡಿಸೋಣವೆಂದರು, ಕಪ್ಪೆ ಮೀನು ಸಾಯುತ್ತವೆಂದು ಪದ್ಮಾಕರರು ಸಹಿ ಹಾಕಲಿಲ್ಲ. ಕಳೆ ತಿನ್ನುವ ಮೀನು ಬಿಡೋಣವೆಂದರು. ಮೀನು ಕಳೆಯ ಜೊತೆಗೆ ಒಂದೆರಡು ಹುಳವನ್ನೂ ನುಂಗಿದರೆ ಆ ಪಾಪ ಯಾರ ಖಾತೆಗೆ ಎಂದು ಪದ್ಮಾಕರರು ಕೇಳಿದರು. ಕೂಲಿಯವರಿಂದ ಕೀಳಿಸೋಣವೆಂದರು, ಅದರಲ್ಲಿ ಯಾರಿಗೂ ಏನೂ ಉಳಿಯುವುದಿಲ್ಲವೆಂದು ಆ ಸೂಚನೆ ತಾನಾಗಿಯೇ ಬಿದ್ದುಹೋಯಿತು. ಕಡೆಗೆ ಪದ್ಮಾಕರರು ಷರತ್ತು ಬರೆದರು: ಕೆರೆಗೆ ಬಿಡುವ ಜೀವಿಯು ಶುದ್ಧ ಸಸ್ಯಾಹಾರಿ ಆಗಿರತಕ್ಕದ್ದು. ಹಾವೂ ಸಾಯಬಾರದು, ಕೋಲೂ ಮುರಿಯಬಾರದು.

ಅಂಥ ಜೀವಿ ತನ್ನ ಕೈಯಲ್ಲಿದೆ ಎಂದು ಬಂದವನು ಪದ್ಮಾಕರರ ಅಕ್ಕನ ಮಗ ಅನೇಕಾಂತ. ಛತ್ರಿಯಿಂದ ಹಿಡಿದು ಸೌರದೀಪದವರೆಗೆ ಮಂಡಳಿಗೆ ಏನು ಬೇಕಾದರೂ ಪೂರೈಸುವ ಹುಡುಗ. ಈ ಸಲ ತಂದದ್ದು ದಕ್ಷಿಣ ಅಮೆರಿಕದ ದೊಡ್ಡ ನೀರು ಬಸವನಹುಳು. ಬಂಗಾರದ ಬಣ್ಣ, ನಿಂಬೆಹಣ್ಣಿನ ಗಾತ್ರ. ಬಾಟಲಿಯೊಳಗಿನ ಹುಳುವನ್ನು ಮೇಜಿನ ಮೇಲಿಟ್ಟು, ಇದರ ಏಳೇಳು ತಲೆಮಾರು ಸೊಪ್ಪಿನ ಹೊರತು ಏನೂ ಮುಟ್ಟಿಲ್ಲವೆಂದು ಹೇಳಿದ.

"ಉಳ್ಳಾಗಡ್ಡಿ, ಬಳ್ಳೊಳ್ಳಿ ತಿಂತಾವೇನು?" ಎಂದು ಪದ್ಮಾಕರರು ವಿಚಾರಿಸಿದರು.

"ಮಾಮಾ, ಒಂದು ದೃಷ್ಟಿಯಿಂದ ನೋಡಿದ್ರ ತಿನ್ನೂದಿಲ್ಲ," ಎಂದ ಅನೇಕಾಂತ.

ಪದ್ಮಾಕರರು ಸಹಿ ಹಾಕಿದರು. ಅಂತರಗಂಗೆಯನ್ನು ಅದು ತಿನ್ನುತ್ತದೋ ಎಂದು ಕೇಳುವುದು ಮಾತ್ರ ಎಲ್ಲರಿಗೂ ಮರೆತಿತ್ತು.

ಹುಳುಗಳನ್ನು ಕೆರೆಗೆ ಬಿಡುವ ಸಮಾರಂಭ ಪೆಂಡಾಲು ಹಾಕಿ, ಕುಂದಾ ಹಂಚಿ, ಬಹಳ ಅಚ್ಚುಕಟ್ಟಾಗಿ ನಡೆಯಿತು. ಗಣ್ಯರು ಒಬ್ಬೊಬ್ಬರು ಒಂದೊಂದು ಹುಳುವಿಗೆ ಹಾರ ಹಾಕಲು ನೋಡಿದರು. ಹಾರವನ್ನು ಅದು ಅಲ್ಲಿಯೇ ತಿಂದಿತು. ಸಸ್ಯಾಹಾರಿ ಎಂಬುದಕ್ಕೆ ಇನ್ನೇನು ಸಾಕ್ಷಿ ಬೇಕು ಎಂದು ಚಪ್ಪಾಳೆ ಬಿತ್ತು.

ಆಮೇಲೆ ಹುಳುಗಳು ಕರ್ತವ್ಯಕ್ಕೆ ಹಾಜರಾದವು. ಕೆರೆಯಲ್ಲಿ ಉಳಿದಿದ್ದ ತಾವರೆ ತಿಂದವು, ಪಾಚಿ ತಿಂದವು, ದಂಡೆಯ ಹುಲ್ಲು ತಿಂದವು. ಅಂತರಗಂಗೆಯನ್ನು ಮೂಸಿ ನೋಡಿ ಬಿಟ್ಟವು. ಆಹಾರ ಮುಗಿದ ಮೇಲೆ ಕಾಲುವೆ ಹಿಡಿದು ಅನಗೋಳದ ಕಾಯಿಪಲ್ಲೆ ಮಡಿಗಳಿಗೆ ನಡೆದವು. ಕೊತ್ತಂಬರಿ ಹೋಯಿತು, ಮೆಂತ್ಯ ಹೋಯಿತು, ಕೋಸಿನ ಗಡ್ಡೆಯೊಳಗೆ ಮನೆ ಮಾಡಿದವು. ಕಂಡ ಕಂಡ ಗೋಡೆ, ಕಂಬ, ಮಂಡಳಿಯ ನಾಮಫಲಕದ ಮೇಲೆಲ್ಲ ಗುಲಾಬಿ ಬಣ್ಣದ ತತ್ತಿಗಳ ಗೊಂಚಲು ಇಟ್ಟವು. ಫಲಕ ಮೊದಲಿಗಿಂತ ಚೆಂದ ಕಾಣುತ್ತಿತ್ತು, ಅದನ್ನು ಒಪ್ಪಬೇಕು. ಸೌಂದರ್ಯೀಕರಣದ ಗುರಿ ಸಾಧಿಸಲಾಗಿದೆ ಎಂದು ಆ ತಿಂಗಳ ವರದಿಯಲ್ಲಿ ಬರೆಯಲಾಯಿತು.

ಇಷ್ಟರಲ್ಲಿ ಎಲ್ಲಿಂದಲೋ ಕೊಕ್ಕರೆಗಳ ಹಿಂಡು ಬಂದು ಹುಳುಗಳನ್ನು ಹೆಕ್ಕಿ ತಿನ್ನತೊಡಗಿತು. ಅನಗೋಳದ ಮಂದಿ ದೇವರು ಕಣ್ಣುಬಿಟ್ಟ ಎಂದು ಕೈ ಮುಗಿದರು. ಪದ್ಮಾಕರರಿಗೆ ಮಾತ್ರ ನಿದ್ದೆ ಹಾರಿಹೋಯಿತು. ತಾವು ಸಹಿ ಮಾಡಿ ತಂದ ಹುಳು, ಮಂಡಳಿಯ ಆಸ್ತಿ, ಮಂಡಳಿಯ ಕೆರೆಯಲ್ಲಿ ಸಾಯುತ್ತಿದೆ! ಮರುದಿನವೇ ಕೆರೆಯ ಸುತ್ತ ಪ್ರಕಟಣೆಯ ಫಲಕಗಳು ಎದ್ದವು: "ಕೊಕ್ಕರೆಗಳ ಗಮನಕ್ಕೆ. ಈ ಕೆರೆಯಲ್ಲಿರುವ ಬಸವನಹುಳುಗಳು ಕರ್ತವ್ಯನಿರತವಾಗಿವೆ. ಅವುಗಳನ್ನು ಸೇವಿಸುವುದು ಅಪರಾಧ. ಕೊಕ್ಕರೆಗಳು ತಮ್ಮ ವ್ಯವಸ್ಥೆಯನ್ನು ಬೇರೆಡೆ ಮಾಡಿಕೊಳ್ಳತಕ್ಕದ್ದು." ಕೊಕ್ಕರೆಗಳು ಓದಿದಂತೆ ಕಾಣಲಿಲ್ಲವಾಗಿ, ತಗಡಿನ ಡಬ್ಬಿ ಬಾರಿಸಲು ಒಬ್ಬ ಕಾವಲುಗಾರನನ್ನು ನೇಮಿಸಲಾಯಿತು. ಕೊಕ್ಕರೆಗಳು ಬಿಟ್ಟು ಹೋದವು. ಸಂಜೆ ಪದ್ಮಾಕರರು ಅವ್ವನಿಗೆ ಧೈರ್ಯವಾಗಿ "ಇಲ್ಲವ್ವ" ಅಂದರು.

ಆದರೆ ಅನಗೋಳದ ಕಾಯಿಪಲ್ಲೆಯವರು ಸುಮ್ಮನಿರಲಿಲ್ಲ. ತಿಂದು ಉಳಿದ ಕೋಸಿನ ದಂಟುಗಳನ್ನು ತಂದು ಆಯುಕ್ತರ ಮೇಜಿನ ಮೇಲೆ ಸುರಿದು, ಮುಂದಿನ ಸಲ ಹುಳುಗಳನ್ನೇ ಸುರಿಯುತ್ತೇವೆಂದು ಹೇಳಿಹೋದರು. ಏನಾದರೂ ಮಾಡಲೇಬೇಕಾಯಿತು.

ಮಂಡಳಿಯಲ್ಲೊಂದು ಹಳೇ ಪದ್ಧತಿ ಇದೆ. ತಪ್ಪು ಮಾಡಿದವರನ್ನು ಅಲ್ಲಿ ಯಾರೂ ತೆಗೆದುಹಾಕುವುದಿಲ್ಲ. ಕುಡಿದು ಬಂದವನು, ಕಡತ ಕಳೆದವನು, ಸಾಹೇಬರು ಜಾರಿ ಬಿದ್ದಾಗ ನಕ್ಕವನು, ಎಲ್ಲರನ್ನೂ ಖಾನಾಪುರಕ್ಕೆ ಹಾಕುತ್ತಾರೆ. ಅಲ್ಲಿ ಮಂಡಳಿಯ ಶಾಖೆ ಎಂದು ಒಂದು ಖೋಲಿ, ಒಂದು ಕುರ್ಚಿ, ಹೊರಗೆ ಕಾಡು. ಈ ಪದ್ಧತಿಯಲ್ಲಿ ಪದ್ಮಾಕರರಿಗೆ ಮೊದಲಿನಿಂದಲೂ ಅಹಿಂಸೆ ಕಾಣುತ್ತಿತ್ತು. ನೌಕರನಿಗೆ ನಡೆಯುವುದು ಹುಳುವಿಗೆ ಏಕೆ ನಡೆಯಬಾರದು? ಕುಳಿತು ಆದೇಶ ಬರೆದರು: "ಸದರಿ ಹುಳುಗಳನ್ನು ಸಾರ್ವಜನಿಕ ಹಿತದೃಷ್ಟಿಯಿಂದ ತಕ್ಷಣ ಜಾರಿಗೆ ಬರುವಂತೆ ಖಾನಾಪುರದ ಮೇಲಿನ ಕೆರೆಗೆ ವರ್ಗಾಯಿಸಲಾಗಿದೆ. ತತ್ತಿಗಳನ್ನು ಅವಲಂಬಿತ ಕುಟುಂಬ ಸದಸ್ಯರೆಂದು ಪರಿಗಣಿಸತಕ್ಕದ್ದು."

ಹುಳುಗಳು ಪ್ರಯಾಣ ಭತ್ಯೆ ಕೇಳಲಿಲ್ಲ. ಅವುಗಳ ಪರವಾಗಿ ಅನೇಕಾಂತ ತೆಗೆದುಕೊಂಡ.

ಮೇಲಿನ ಕೆರೆ ಎಂದರೆ ಫಕೀರವ್ವನ ಗದ್ದೆಗೆ ನೀರು ಕೊಡುವ ಕೆರೆ. ಪದ್ಮಾಕರರಿಗೆ ಇದು ಗೊತ್ತಿರಲಿಲ್ಲವೆಂದಲ್ಲ. ಗೊತ್ತಿತ್ತು. ಆದರೆ ಖಾನಾಪುರದಲ್ಲಿ ಮಂಡಳಿಯ ಕೆರೆ ಅದೊಂದೇ. ಸ್ವಂತ ಪರಿಚಯದವರಿಗಾಗಿ ವರ್ಗಾವಣೆ ತಡೆದರೆ ಅದು ಪಕ್ಷಪಾತ, ಪಕ್ಷಪಾತಕ್ಕೂ ಅವ್ವನ ಮನೆಯಲ್ಲಿ ಜಾಗವಿರಲಿಲ್ಲ. ಹುಳುಗಳ ಲಾರಿಯ ಹಿಂದೆ ತಾವೇ ಜೀಪಿನಲ್ಲಿ ಹೋದರು. ಫಕೀರವ್ವ ಆಗಷ್ಟೇ ನಾಟಿ ಮುಗಿಸಿ ಬದುವಿನ ಮೇಲೆ ಕುಳಿತಿದ್ದಳು. ಲಾರಿಯಿಂದ ಇಳಿಯುತ್ತಿದ್ದ ಬುಟ್ಟಿಗಳನ್ನು ನೋಡಿ ಇವು ಏನು ತಿನ್ನುತ್ತವೆ ಎಂದು ಕೇಳಿದಳು.

"ಅಂಜಬ್ಯಾಡ ಫಕೀರವ್ವ. ಪಕ್ಕಾ ಸಸ್ಯಾಹಾರಿ ಅದಾವು," ಎಂದರು ಪದ್ಮಾಕರರು.

"ಅದಕ್ಕ ಅಂಜಿಕಿ ಬರತೈತ್ರಿ ಅಣ್ಣಾರ. ನಮ್ಮ ಭತ್ತಾನೂ ಮಾಂಸ ಅಲ್ಲಲಾ."

ಪದ್ಮಾಕರರು ಬುಟ್ಟಿಗಳನ್ನು ಎಣಿಸಿ, ಹುಳುಗಳು ಹಾಜರಾದವೆಂದು ಬರೆದುಕೊಂಡು ಜೀಪು ಹತ್ತಿದರು.

ಮುಂದಿನದನ್ನು ಏನೆಂದು ಹೇಳುವುದು. ಎಳೇ ನಾಟಿ, ಮೊಳಕಾಲು ಮುಳುಗದಷ್ಟು ನೀರು. ಹುಳುಗಳಿಗೆ ಪರಊರಿನ ಮದುವೆಮನೆ ಸಿಕ್ಕಂತಾಯಿತು. ಬುಡ ಕತ್ತರಿಸಿ ಕತ್ತರಿಸಿ ಒಂದು ಗದ್ದೆಯಿಂದ ಇನ್ನೊಂದಕ್ಕೆ ಇಳಿದವು. ಕೈ ಕೆಸರಾದರೆ ಬಾಯಿ ಮೊಸರು ಅಂತಾರಲ್ಲ, ಆ ವರ್ಷ ಕೆಸರು ಖಾನಾಪುರದವರ ಕೈಗೆ, ಮೊಸರು ಹುಳುವಿನ ಬಾಯಿಗೆ ಹೋಯಿತು. ಮಾಯಪ್ಪ ಬಕೆಟ್ಟಿನಲ್ಲಿ ಹುಳು ಆರಿಸಿ, ಸುಣ್ಣ ಸುರಿಯಲು ನಿಂತ. ಕರ್ತವ್ಯನಿರತ ಹುಳುಗಳ ಮೇಲೆ ಹಲ್ಲೆಗೆ ಯತ್ನ ಎಂದು ಅವನಿಗೆ ನೋಟಿಸು ಹೋಯಿತು. ಬೇಸಿಗೆಯಲ್ಲಿ ಕೆರೆ ಬತ್ತಿದಾಗ ಹುಳುಗಳೆಲ್ಲ ಚಿಪ್ಪಿನ ಬಾಗಿಲು ಹಾಕಿಕೊಂಡು ಕೆಸರಿನೊಳಗೆ ಮಲಗಿದವು. ಪೀಡೆ ತೊಲಗಿತೆಂದು ಊರು ದೀಪ ಹಚ್ಚಿತು. ಮಂಡಳಿ ಅದನ್ನು ಗಳಿಕೆ ರಜೆ ಎಂದು ಮಂಜೂರು ಮಾಡಿತು. ಮೊದಲ ಮಳೆಗೆ ಎಲ್ಲವೂ ಮರಿಮಕ್ಕಳ ಸಮೇತ ಮರಳಿ ಹಾಜರಾದವು. ಮಂಡಳಿಯ ಇತಿಹಾಸದಲ್ಲಿ ರಜೆ ಮುಗಿದ ದಿನವೇ ಕೆಲಸಕ್ಕೆ ಬಂದವರು ಅವೇ ಮೊದಲಿಗರು.

ಇತ್ತ ಖಾಸಬಾಗದಲ್ಲಿ ಸುಗ್ಗಿಯ ಕಾಲ ಬಂದು ಹೋಯಿತು, ಫಕೀರವ್ವ ಬರಲಿಲ್ಲ. ಜಿನಮತಿ ಅವ್ವ ನೇಮದಂತೆ ಅನ್ನ ಬಿಟ್ಟವಳು ಮತ್ತೆ ಹಿಡಿಯಲಿಲ್ಲ. ಪದ್ಮಾಕರರು ಅಂಗಡಿಯಿಂದ ಒಳ್ಳೇ ಅಕ್ಕಿ ತಂದರು. ಅವ್ವ ಅದನ್ನು ಮುಟ್ಟಿ ನೋಡಿ, ಈ ಅಕ್ಕಿ ಯಾವ ಗದ್ದೆಯದೆಂದು ಕೇಳಿ, ಮಗ ತಡವರಿಸಿದಾಗ ಮುಚ್ಚಿಟ್ಟಳು. ರೊಟ್ಟಿಯೂರಿನವರಿಗೆ ಅನ್ನವಿಲ್ಲದಿದ್ದರೆ ಏನು ಮಹಾ ಎಂದು ನೀವು ಅಂದೀರಿ. ಆದರೆ ಆಕೆಯ ಬಾಯಿಯಲ್ಲಿ ಹಲ್ಲಿರಲಿಲ್ಲ. ಹಾಲಿನಲ್ಲಿ ನೆನೆಸಿದ ರೊಟ್ಟಿಯ ಚೂರನ್ನು ವಸಡಿನಲ್ಲಿ ಒತ್ತಿ ಒತ್ತಿ ನುಂಗುವುದರೊಳಗೆ ಹೊತ್ತು ಮುಳುಗಿಬಿಡುತ್ತಿತ್ತು, ಮುಳುಗಿದ ಮೇಲೆ ತುತ್ತು ಎತ್ತುವಂತಿಲ್ಲ. ದಿನದಿನಕ್ಕೆ ಅವ್ವ ಸೊರಗಿದಳು, ಬಳೆಗಳು ಮೊಳಕೈತನಕ ಸರಿಯತೊಡಗಿದವು.  ಆದರೂ ಆಕೆ ಮಗನನ್ನು ಬೈಯಲಿಲ್ಲ. ಅದೇ ಪ್ರಶ್ನೆ ಕೇಳುತ್ತಿದ್ದಳು, ಅದೇ ಉತ್ತರ ಪಡೆಯುತ್ತಿದ್ದಳು.

ಅಷ್ಟರಲ್ಲಿ ಹೊಸ ಸಂಕಟ. ಖಾನಾಪುರದವರು ಭತ್ತ ಹಚ್ಚುವುದನ್ನೇ ಬಿಟ್ಟರು. ತಿನ್ನಲು ಏನೂ ಇಲ್ಲದೆ ಹುಳುಗಳು ಬಡವಾಗುತ್ತಿವೆ ಎಂದು ಶಾಖೆಯಿಂದ ವರದಿ ಬಂತು. ಸತ್ತರೆ ಮಂಡಳಿಯ ಲೆಕ್ಕದಲ್ಲಿ ಮೊದಲ ಕೊಲೆ! ಪದ್ಮಾಕರರು ಗಾಬರಿಯಾಗಿ ಊಟ ಬಿಟ್ಟು ಕುಳಿತು ಬಸವನಹುಳು ಆಹಾರ ಭದ್ರತಾ ಯೋಜನೆ ರೂಪಿಸಿದರು. ಮಂಡಳಿಯೇ ಗದ್ದೆಗಳನ್ನು ಗೇಣಿಗೆ ಹಿಡಿದು ಹುಳುಗಳಿಗಾಗಿ ಭತ್ತ ಹಚ್ಚಿಸುವುದು. ಗುತ್ತಿಗೆ ಅನೇಕಾಂತನಿಗೆ. ಅನೇಕಾಂತನ ಸ್ವಭಾವ ಬಲ್ಲ ಪದ್ಮಾಕರರು, ಹುಳುವಿನ ಆಹಾರವನ್ನು ಹುಳುವಲ್ಲದ ಯಾವ ಜೀವಿಯೂ ಸೇವಿಸತಕ್ಕದ್ದಲ್ಲ ಎಂಬ ಬಿಗಿ ನಿಯಮ ಹಾಕಿದರು. ಹುಳು ಎಂದರೆ ಯಾರು ಎಂದು ಲೆಕ್ಕ ತಪಾಸಣೆಯವರು ಕೇಳಿದ್ದಕ್ಕೆ ವ್ಯಾಖ್ಯೆಯನ್ನೂ ಬರೆದರು: "ಶುದ್ಧ ಸಸ್ಯಾಹಾರಿಯಾದ, ನಿಧಾನವಾಗಿ ಚಲಿಸುವ, ಯಾರಿಗೂ ಎದುರು ಮಾತಾಡದ, ಮಂಡಳಿಯ ವ್ಯಾಪ್ತಿಯಲ್ಲಿ ವಾಸಿಸುವ ಜೀವಿ."

ಹೀಗೆ ಫಕೀರವ್ವ, ಮಾಯಪ್ಪ ತಮ್ಮದೇ ಗದ್ದೆಯಲ್ಲಿ ದಿನಗೂಲಿಗೆ ಭತ್ತ ಹಚ್ಚಿದರು. ಮೊದಲಿನದಕ್ಕೂ ಈಗಿನದಕ್ಕೂ ವ್ಯತ್ಯಾಸವಿಷ್ಟೇ: ಮೊದಲು ಹುಳುಗಳು ಹೇಳದೆ ತಿನ್ನುತ್ತಿದ್ದವು, ಈಗ ಆದೇಶದ ಮೇರೆಗೆ ತಿನ್ನಬೇಕಿತ್ತು. ಆದೇಶ ಬರುವತನಕ ಗದ್ದೆಗೆ ಹುಳು ನುಗ್ಗದಂತೆ ಬಲೆ ಬಿಗಿದಿತ್ತು. ಆದರೆ ಆ ಆದೇಶ, ಅನೇಕಾಂತನ ಬಿಲ್ಲಿನ ಮೇಲೊಂದು ಆಕ್ಷೇಪಣೆ ಬಿದ್ದು, ಮೂರು ಕಚೇರಿ ಸುತ್ತಿ ಬರುವುದರೊಳಗೆ ಸಸಿಗಳು ಬಲಿತು ಗಟ್ಟಿಯಾದವು. ಬಲೆ ತೆಗೆದಾಗ ಹುಳುಗಳು ಬಂದು ಒಂದೊಂದು ಬುಡ ಕಚ್ಚಿ ನೋಡಿ, ಹಲ್ಲಿಗೆ ತಾಳದೆ ಕೆರೆಯ ಪಾಚಿಗೆ ಮರಳಿದವು. ಅನೇಕ ದಿನಗಳ ಮೇಲೆ ಖಾನಾಪುರದಲ್ಲಿ ತೆನೆ ತೂಗಿತು. ಮಂದಿ ಬದುವಿನ ಮೇಲೆ ನಿಂತು ಆ ಪರಿಮಳ ಮೂಸುತ್ತಿದ್ದರು. ಮೂಸಲು ನಿಯಮದ ಅಡ್ಡಿ ಇರಲಿಲ್ಲ.

ಬೆಳೆ ಕೊಯ್ದು, ಅಕ್ಕಿ ಮಾಡಿಸಿ, ಹುಳುಗಳ ಆಹಾರ ದಾಸ್ತಾನು ಎಂದು ಶಾಖೆಯ ಖೋಲಿಯಲ್ಲಿ ಪೇರಿಸಿ ಬೀಗ ಜಡಿದರು. ಫಕೀರವ್ವನ ಗದ್ದೆಯ ಚೀಲಗಳು ಬಾಗಿಲ ಹತ್ತಿರವೇ ಇದ್ದವು. ಪದ್ಮಾಕರರು ತಪಾಸಣೆಗೆ ಹೋದಾಗ ಚೀಲದ ಬಾಯಿಗೆ ಮುಖವಿಟ್ಟು ನಿಂತೇಬಿಟ್ಟರು. ಇದೇ ಅಕ್ಕಿ. ಒಂದು ಹಿಡಿ ಸಾಕು, ಅವ್ವ ಬದುಕುತ್ತಾಳೆ. ಕೈ ಚೀಲದೊಳಗೆ ಹೋಯಿತು ಕೂಡ. ಆದರೆ ನಿಯಮ ಬರೆದ ಕೈಯೂ ಅದೇ. ಹುಳುವಿನ ಬಾಯಿಂದ ಒಂದು ಹಿಡಿ ಕಸಿದರೆ ಕಾಗದದ ಮೇಲೆ ಅಷ್ಟು ಹುಳು ಉಪವಾಸ. ಉಪವಾಸ ಕೆಡವುವುದು ಕೊಲ್ಲುವುದಕ್ಕೆ ಸಮ. ಕೈ ಖಾಲಿ ಹೊರಗೆ ಬಂತು.

ಬಾಗಿಲಲ್ಲಿ ನಿಂತಿದ್ದ ಫಕೀರವ್ವ ನೋಡಿದಳು. ಅವ್ವಾರು ಇನ್ನೂ ಅನ್ನ ಉಂಡಿಲ್ಲೇನ್ರಿ ಎಂದು ಕೇಳಿದಳು. ಪದ್ಮಾಕರರು ತಲೆ ಅಲ್ಲಾಡಿಸಿದರು, ಕಣ್ಣಲ್ಲಿ ನೀರು ಬಂದದ್ದನ್ನು ಮುಚ್ಚಿಕೊಳ್ಳಲಿಲ್ಲ. ಅಕ್ಕಿ ಹುಳುವಿಗೆ ಮಾತ್ರ, ಮನುಷ್ಯರಿಗೆ ಕೊಡಲು ಬರುವುದಿಲ್ಲ, ತನ್ನ ಕೈ ಕಟ್ಟಿದೆ ಎಂದರು.

"ಮನಷ್ಯಾರಿಗೆ ಬರೂದಿಲ್ಲಂದ್ರ ಅವ್ವಾರನ್ನ ಹುಳಾ ಅಂತ ಬರಕೋರಿ," ಎಂದಳು ಫಕೀರವ್ವ ಸಿಟ್ಟಿನಿಂದ. "ನಮ್ಮನ್ನೇನು ಮನಷ್ಯಾರಂತ ಬರಕೊಂಡೀರೇನು?"

ಸಿಟ್ಟಿನಲ್ಲಿ ಆಡಿದ ಮಾತು. ಆದರೆ ಪದ್ಮಾಕರರು ಜೀಪಿನಲ್ಲಿ ಕುಳಿತು ಬೆಳಗಾವಿಗೆ ಮರಳುವಾಗ ತಮ್ಮದೇ ವ್ಯಾಖ್ಯೆಯನ್ನು ಮನಸ್ಸಿನಲ್ಲಿ ತಿರುವಿ ಹಾಕಿದರು. ಶುದ್ಧ ಸಸ್ಯಾಹಾರಿ: ಅವ್ವ ಗಡ್ಡೆಗೆಣಸೂ ಮುಟ್ಟುವವಳಲ್ಲ. ನಿಧಾನ ಚಲನೆ: ಮೊಳಕಾಲು ನೋವು, ಬಸದಿಗೆ ಹೋಗಿ ಬರಲು ಒಂದು ಹೊತ್ತು. ಮಂಡಳಿಯ ವ್ಯಾಪ್ತಿ: ಖಾಸಬಾಗ ಬರುತ್ತದೆ. ಎದುರು ಮಾತಾಡದಿರುವುದು ಎಂಬಲ್ಲಿ ಸ್ವಲ್ಪ ತೊಡಕಾಯಿತು, ಆದರೂ ಈಚೆಗೆ ನಿಶ್ಶಕ್ತಿಯಿಂದ ಮಾತು ಕಡಿಮೆಯಾಗಿತ್ತು. ಯಾವ ಕೋನದಿಂದ ನೋಡಿದರೂ ಜಿನಮತಿ ಅವ್ವ ಯೋಜನೆಯ ಅರ್ಹ ಬಸವನಹುಳುವಾಗಿದ್ದಳು. ಆಯುಕ್ತ ಸಾಹೇಬರು ಕಡತ ಓದಿ, ಎಲ್ಲ ಕ್ರಮಬದ್ಧವಾಗಿದೆ ಎಂದು ಬರೆದು, ಭಾವಚಿತ್ರ ಸಹಿತ ಹುಳು ಗುರುತಿನ ಚೀಟಿ ಮಂಜೂರು ಮಾಡಿದರು.

ಸುದ್ದಿ ಖಾನಾಪುರಕ್ಕೆ ಮುಟ್ಟಲು ಹೊತ್ತು ಹಿಡಿಯಲಿಲ್ಲ. ಮರುದಿನ ಶಾಖೆಯ ಮುಂದೆ ಊರಿಗೆ ಊರೇ ಪಾಳಿ ಹಚ್ಚಿತ್ತು. ಕನ್ನಡದವರು ಮರಾಠಿಯವರು ಎಂಬ ಭೇದವಿಲ್ಲದೆ ಎಲ್ಲರೂ ಹುಳುವಾಗಲು ಬಂದಿದ್ದರು. ಪರೀಕ್ಷೆ ಕಟ್ಟುನಿಟ್ಟಾಗಿ ನಡೆಯಿತು. ಬಿರಬಿರನೆ ನಡೆದು ಬಂದವರನ್ನು ಹಿಂದಕ್ಕೆ ಕಳಿಸಿ ಮತ್ತೆ ನಡೆಸಲಾಯಿತು. ಕುರಿ ಸಾಕಿದ ಮನೆತನದ ಫಕೀರವ್ವ ಹಬ್ಬದ ಬಾಡೂಟ ಬಿಡುತ್ತೇನೆಂದು ಬರೆದುಕೊಟ್ಟಳು. ಮಾಯಪ್ಪ ಮಾತ್ರ, ನನ್ನ ಗದ್ದಿ ಅಕ್ಕಿ ನಾ ಉಣ್ಣಾಕ ನಾ ಯಾಕ ಹುಳಾ ಆಗಬೇಕು ಎಂದು ಕೇಳಿ ಅನುತ್ತೀರ್ಣನಾದ. ಹೆಂಡತಿ ಮನೆಗೆ ಕರೆದೊಯ್ದು ಏನು ಹೇಳಿದಳೋ, ಮುಂದಿನ ವಾರ ಬಂದವನು ಏನು ಕೇಳಿದರೂ ತುಟಿ ಬಿಚ್ಚಲಿಲ್ಲ. ಅವನಿಗೆ ಪ್ರಥಮ ದರ್ಜೆಯ ಚೀಟಿ ಸಿಕ್ಕಿತು. ಹುಳುಗಳ ಸಂಖ್ಯೆ ಹೆಚ್ಚಿದ್ದರಿಂದ ಮಂಡಳಿಯ ಅನುದಾನವೂ ಹೆಚ್ಚಿತು, ಖಾನಾಪುರವನ್ನು ಮಾದರಿ ಹುಳು ತಾಲೂಕು ಎಂದು ಘೋಷಿಸಲಾಯಿತು. ಯಾರೂ ತಕರಾರು ಮಾಡಲಿಲ್ಲ. ಮಾಡಿದರೆ ಚೀಟಿ ರದ್ದಾಗುತ್ತದೆ.

ಫಕೀರವ್ವ ಅಕ್ಕಿ ಹೊತ್ತು ಖಾಸಬಾಗಕ್ಕೆ ಬಂದಳು. ಜಿನಮತಿ ಅವ್ವ ಮೊದಲ ಹಿಡಿಯನ್ನು ಬಸದಿಗೆ ಏರಿಸಿ ಬಂದು, ಸಂಜೆ ಮೆತ್ತಗಿನ ಬಿಸಿ ಅನ್ನಕ್ಕೆ ತುಪ್ಪ ಹಾಕಿಕೊಂಡು ಕುಳಿತಳು. ಒಂದು ತುತ್ತು ನುಂಗಿ, ಇನ್ನೊಂದು ತುತ್ತು ಕಲಸಿದಳು. ಆಮೇಲೆ ಕೇಳಿದಳು.

"ಇವತ್ತ ನಿನ್ನ ಸಹಿಯಿಂದ ಏನರ ಸತ್ತೈತೇನಪಾ?"

"ಇಲ್ಲವ್ವ."

"ಖಾನಾಪುರದ ಮಂದಿ?"

"ಅದಾರವ್ವ. ಎಲ್ಲಾರೂ ಹುಳದ ಲೆಕ್ಕಕ್ಕ ಸೇರ್ಯಾರ."

"ಹಂಗಾರ ಚಿಂತಿಲ್ಲ," ಎಂದಳು ಅವ್ವ. "ಹುಳಾ ಅಂದ್ರ ನಿಮ್ಮ ಆಫೀಸಿನವ್ರು ಸಾಯಗೊಡೂದಿಲ್ಲ."

ಪದ್ಮಾಕರರು ತಮ್ಮ ತಾಟಿನ ರೊಟ್ಟಿ ಮುರಿದರು. ಆ ಅನ್ನ ಉಣ್ಣಲು ಬೇಕಾದ ಅವರ ಹುಳು ಚೀಟಿ ಇನ್ನೂ ಆಗಿರಲಿಲ್ಲ. ಅರ್ಜಿ ಅವರದೇ ಮೇಜಿನ ಮೇಲೆ ಬಾಕಿ ಇತ್ತು.